ಬಣ್ಣ ಹಚ್ಚಿದವರು ಸಿನಿಮಾ ಅಂಕಣ ಬರೆಯಬಹುದೇ? – ಸಂಪಾದಕರ ಉತ್ತರ

ಮಾನ್ಯರೇ,

ತೀರ್ಥಹಳ್ಳಿಯಿಂದ ತಾವು ಬರೆದ ನಾಲ್ಕು ಪುಟಗಳ ಪತ್ರ ಕೈಸೇರಿದೆ. ಅದನ್ನು ಹತ್ತು ಸಾಲಿಗೆ ಇಳಿಸಿ ಓದುಗರ ಪುಟದಲ್ಲಿ ಹಾಕಿಬಿಡುವುದು ನನಗೆ ಸರಿಯೆನಿಸಲಿಲ್ಲ. ತಾವು ಎತ್ತಿರುವ ಪ್ರಶ್ನೆ ಈ ಪತ್ರಿಕೆಯ ನಡವಳಿಕೆಗೆ ಸಂಬಂಧಿಸಿದ್ದು. ಅದಕ್ಕೆ ಸಂಪಾದಕನಾದವನು ತನ್ನ ಹೆಸರಿನಲ್ಲೇ ಉತ್ತರ ಹೇಳಬೇಕು.

ಇತರ ಓದುಗರ ತಿಳಿವಿಗಾಗಿ ತಮ್ಮ ಪತ್ರದ ಸಾರವನ್ನು ಮೊದಲು ಹೇಳುತ್ತೇನೆ. ಅಮೆರಿಕದ ನಟಿ ಮತ್ತು ಸಿನಿಮಾ ಅಂಕಣಗಾರ್ತಿ ಹೆಡ್ಡಾ ಹಾಪರ್ ಅವರ ವೃತ್ತಿಜೀವನವನ್ನು ಕುರಿತು ನಾವು ಕಳೆದ ಸಂಚಿಕೆಯಲ್ಲಿ ಲೇಖನವೊಂದನ್ನು ಪ್ರಕಟಿಸಿದ್ದೆವು. ಪರರ ಮನೆಯ ಮಾತನ್ನು ಬೀದಿಗೆ ತಂದು ಬದುಕಿದವರಿಗೆ ಅಷ್ಟು ಪುಟ ಕೊಟ್ಟದ್ದು ಏಕೆ ಎಂಬುದು ತಮ್ಮ ಮೊದಲ ಆಕ್ಷೇಪ. ಎರಡನೆಯದು ಇನ್ನೂ ಹತ್ತಿರದ್ದು. ನಮ್ಮಲ್ಲಿ 11 ವರ್ಷಗಳಿಂದ ಸಿನಿಮಾ ಅಂಕಣ ಬರೆಯುತ್ತಿರುವವರು ಈ ಮಳೆಗಾಲ ಆಗುಂಬೆಯ ಬಳಿ ನಡೆದ ಶೂಟಿಂಗ್‌ನಲ್ಲಿ ಬಣ್ಣ ಹಚ್ಚಿಕೊಂಡು ನಿಂತಿದ್ದನ್ನು ತಾವು ಕಣ್ಣಾರೆ ಕಂಡಿದ್ದೀರಿ. 'ಉಪ್ಪುಂಡ ಮನೆಗೆ ಎರಡು ಬಗೆಯಬಾರದು ಎಂದು ನಮ್ಮ ಹಿರಿಯರು ಹೇಳಿದ್ದಾರೆ. ನಿರ್ಮಾಪಕರ ಎಲೆಯಲ್ಲಿ ಉಂಡವರು ಆ ನಿರ್ಮಾಪಕರ ಚಿತ್ರ ಸಪ್ಪೆಯಾಗಿದೆ ಎಂದು ಹೇಗೆ ಬರೆದಾರು? ಅವರು ನಟನೆಯನ್ನಾದರೂ ಬಿಡಲಿ, ಅಂಕಣವನ್ನಾದರೂ ಬಿಡಲಿ' ಎಂದು ಬರೆದಿದ್ದೀರಿ.

ಹಾಪರ್ ಅವರ ವಿಷಯವನ್ನೇ ಮೊದಲು ತೆಗೆದುಕೊಳ್ಳುತ್ತೇನೆ, ಏಕೆಂದರೆ ತಮ್ಮ ಎರಡನೆಯ ಪ್ರಶ್ನೆಗೆ ಬೇಕಾದ ಉತ್ತರದ ಬಹುಪಾಲು ಆ ಬದುಕಿನಲ್ಲೇ ಇದೆ.

ಅವರ ಹುಟ್ಟುಹೆಸರು ಎಲ್ಡಾ ಫರ್ರಿ. ಪೆನ್ಸಿಲ್ವೇನಿಯಾದ ಹಾಲಿಡೇಸ್‌ಬರ್ಗ್ ಎಂಬ ಸಣ್ಣ ಊರಿನಲ್ಲಿ 1885ರಲ್ಲಿ ಕಟುಕರೊಬ್ಬರ ಮಗಳಾಗಿ ಹುಟ್ಟಿ, ರಂಗಭೂಮಿಯ ಹುಚ್ಚಿನಿಂದ ಮನೆಬಿಟ್ಟು ನ್ಯೂಯಾರ್ಕ್ ಸೇರಿದ ಹುಡುಗಿ ಅವರು. 1913ರಲ್ಲಿ ತಮಗಿಂತ 27 ವರ್ಷ ದೊಡ್ಡವರಾದ, ಆ ಕಾಲದ ಹೆಸರಾಂತ ರಂಗನಟ ಡಿವುಲ್ಫ್ ಹಾಪರ್ ಅವರ ಐದನೆಯ ಹೆಂಡತಿಯಾದರು. ಹಿಂದಿನ ನಾಲ್ವರ ಹೆಸರು ಎಲ್ಲಾ, ಐಡಾ, ಎಡ್ನಾ, ನೆಲ್ಲಾ. ಗಂಡ ಕರೆಯುವಾಗ ಎಲ್ಡಾ ಎಂಬ ಹೆಸರು ಅವುಗಳ ನಡುವೆ ಕಳೆದುಹೋಗುತ್ತಿತ್ತಂತೆ. ಸಂಖ್ಯಾಶಾಸ್ತ್ರಜ್ಞರೊಬ್ಬರನ್ನು ಕೇಳಿ ಹೆಡ್ಡಾ ಎಂದು ಬದಲಾಯಿಸಿಕೊಂಡರು. 1922ರಲ್ಲಿ ವಿಚ್ಛೇದನವಾಯಿತು, ಮಗನನ್ನು ಸಾಕುವ ಹೊಣೆ ಅವರ ಮೇಲೆ ಬಿತ್ತು. ಆ ಮಗ ವಿಲಿಯಂ ಮುಂದೆ ದೂರದರ್ಶನದ ನಟನಾಗಿ ಹೆಸರು ಮಾಡಿದರು.

1916ರಿಂದ ಮೊದಲ್ಗೊಂಡು ಅವರು ನಟಿಸಿದ ಚಿತ್ರಗಳು 120ಕ್ಕೂ ಹೆಚ್ಚು. ನಾಯಕಿಯ ಪಾತ್ರ ಸಿಕ್ಕಿದ್ದು ಕಡಿಮೆ. ಸಿರಿವಂತರ ಮನೆಯ ಒಡತಿ, ನಾಯಕಿಯ ಬಿಗುಮಾನದ ತಾಯಿ, ಔತಣಕೂಟದಲ್ಲಿ ಒಂದೇ ಒಂದು ಚುಚ್ಚುಮಾತು ಆಡಿ ಹೋಗುವ ಹೆಂಗಸು, ಇಂಥವೇ ಪಾತ್ರಗಳು. ನಾವು ಆ ಲೇಖನಕ್ಕೆ 'ಸೋತ ನಟಿಯ ಸೇಡು' ಎಂಬ ಶೀರ್ಷಿಕೆ ಕೊಟ್ಟೆವು. ತಾವು ಅದನ್ನು ಆಕ್ಷೇಪಿಸಿಲ್ಲ, ಆದರೆ ನಾನು ಆಕ್ಷೇಪಿಸುತ್ತೇನೆ. ಎರಡು ದಶಕಕ್ಕೂ ಮೀರಿ, ಮೂಕಿಚಿತ್ರದ ಕಾಲದಿಂದ ಮಾತಿನ ಚಿತ್ರದ ಕಾಲದವರೆಗೆ, ಕರೆದ ಕೂಡಲೇ ಹೋಗಿ ಒಪ್ಪಿಸಿದ ಕೆಲಸವನ್ನು ಮುಗಿಸಿ ಬಂದು ಮಗನನ್ನು ಓದಿಸಿದ ಪೋಷಕ ನಟಿಯನ್ನು ಸೋತವಳು ಎನ್ನುವುದು ತಪ್ಪು. ಪೋಷಕ ಪಾತ್ರಧಾರಿಗಳನ್ನು ಲೆಕ್ಕಕ್ಕೆ ತೆಗೆದುಕೊಳ್ಳದಿರುವುದು ನಮ್ಮ ಸಿನಿಮಾ ಬರವಣಿಗೆಯ ಹಳೆಯ ರೋಗ; ಅದು ನಮ್ಮ ಶೀರ್ಷಿಕೆಯಲ್ಲೂ ಕಾಣಿಸಿಕೊಂಡಿತು. ಅದಕ್ಕಾಗಿ ವಿಷಾದಿಸುತ್ತೇನೆ. ಅದೇ ಲೇಖನದಲ್ಲಿ ಅಂಕಣ ಆರಂಭವಾದ ವರ್ಷವನ್ನು 1937 ಎಂದು ಮುದ್ರಿಸಿದ್ದೆವು. ಅಂಕಣ ಬರೆಯುವ ಆಹ್ವಾನ ಬಂದದ್ದು ಆ ವರ್ಷ. ಲಾಸ್ ಏಂಜಲಿಸ್ ಟೈಮ್ಸ್‌ನಲ್ಲಿ ಅದು ಮೊದಲು ಅಚ್ಚಾದದ್ದು 1938ರ ಫೆಬ್ರುವರಿ 14ರಂದು.

ಆಗ ಅವರಿಗೆ 52 ವರ್ಷ. ಪಾತ್ರಗಳು ಬತ್ತಿಹೋಗಿದ್ದವು. ಹಾಲಿವುಡ್ಡಿನ ಸುದ್ದಿಯ ಮೇಲೆ ಅದುವರೆಗೆ ಹರ್ಸ್ಟ್ ಪತ್ರಿಕಾ ಸಮೂಹದ ಲೂಯೆಲ್ಲಾ ಪಾರ್ಸನ್ಸ್ ಒಬ್ಬರದೇ ಹಿಡಿತವಿತ್ತು; ಎದುರಿಗೆ ಇನ್ನೊಂದು ಅಂಕಣ ಎದ್ದುನಿಂತರೆ ಆ ಹಿಡಿತ ಸಡಿಲವಾದೀತೆಂದು ಸ್ಟುಡಿಯೋಗಳ ದೊರೆಗಳೂ ಎಣಿಸಿದರು. ಮೊದಮೊದಲು ಹಾಪರ್ ಯಾರನ್ನೂ ನೋಯಿಸದಂತೆ ಬರೆದರು, ಓದುವವರಿರಲಿಲ್ಲ. ಕುಟುಕತೊಡಗಿದ ಮೇಲೆ ಓದುಗರು ಬಂದರು. ಅಂಕಣ ಉಚ್ಛ್ರಾಯದಲ್ಲಿದ್ದಾಗ ಅದರ ಓದುಗರ ಸಂಖ್ಯೆ 3.5 ಕೋಟಿ ಎಂದು ಅಂದಾಜಿಸಲಾಗಿತ್ತು. ಬೆವರ್ಲಿ ಹಿಲ್ಸ್‌ನಲ್ಲಿ ಕೊಂಡ ಮನೆಯನ್ನು 'ಭಯ ಕಟ್ಟಿಸಿದ ಮನೆ' ಎಂದು ಅವರೇ ಕರೆದುಕೊಂಡರು. ಪಾತ್ರಗಳೂ ಮತ್ತೆ ಬಂದವು. 1950ರ 'ಸನ್‌ಸೆಟ್ ಬುಲೆವಾರ್ಡ್' ಚಿತ್ರದಲ್ಲಿ ಅವರು ಹೆಡ್ಡಾ ಹಾಪರ್ ಆಗಿಯೇ ಕಾಣಿಸಿಕೊಂಡರು. ಬಣ್ಣ ಹಚ್ಚಿ ಬೇರೆಯವರಾಗಿ ನಿಂತಾಗ ಸಿಗದ ಮನ್ನಣೆ ತಮ್ಮದೇ ಹೆಸರಿನ ಪಾತ್ರದಲ್ಲಿ ಸಿಕ್ಕಿತು.

ಈಗ ತಮ್ಮ ಆಕ್ಷೇಪಕ್ಕೆ ಬರುತ್ತೇನೆ. ಆ ಅಂಕಣ ಮಾಡಿದ ಹಾನಿಯನ್ನು ನಮ್ಮ ಲೇಖನ ಒಂದೇ ವಾಕ್ಯದಲ್ಲಿ ದಾಟಿಹೋಯಿತು ಎಂಬ ತಮ್ಮ ಮಾತು ನಿಜ. ಚಾರ್ಲಿ ಚಾಪ್ಲಿನ್ ಅವರ ಖಾಸಗಿ ಬದುಕನ್ನೂ ರಾಜಕೀಯ ನಿಲುವನ್ನೂ ಹಾಪರ್ ವರ್ಷಗಟ್ಟಲೆ ಬೇಟೆಯಾಡಿದರು. ಅಲ್ಲಿನ ಗುಪ್ತಚರ ಸಂಸ್ಥೆಯ ಮುಖ್ಯಸ್ಥ ಎಡ್ಗರ್ ಹೂವರ್ ಅವರೊಂದಿಗೆ ಪತ್ರವ್ಯವಹಾರ ಇಟ್ಟುಕೊಂಡಿದ್ದರು. 1952ರಲ್ಲಿ ಚಾಪ್ಲಿನ್ ಹಡಗು ಹತ್ತಿ ಇಂಗ್ಲೆಂಡಿಗೆ ಹೊರಟಾಗ ಅವರ ಮರುಪ್ರವೇಶದ ಅನುಮತಿಯನ್ನು ಅಮೆರಿಕ ಸರ್ಕಾರ ರದ್ದುಗೊಳಿಸಿದ್ದರ ಹಿಂದೆ ಅಂಥ ಬರಹಗಳು ಬೆಳೆಸಿದ ವಾತಾವರಣವೂ ಇತ್ತು. ಅಮೆರಿಕ ಸಂಸತ್ತಿನ ಸಮಿತಿಯೊಂದು 1947ರಲ್ಲಿ ನಡೆಸಿದ ವಿಚಾರಣೆಗಳ ನಂತರ ಕಮ್ಯುನಿಸ್ಟರೆಂಬ ಗುಮಾನಿಯ ಮೇಲೆ ಚಿತ್ರಕಥೆಗಾರರು, ನಟರು ಕೆಲಸ ಕಳೆದುಕೊಂಡಾಗ ಹಾಪರ್ ಅಂಥವರಿಗೆ ಕೆಲಸ ಕೊಡಬಾರದೆಂಬ ಕಪ್ಪುಪಟ್ಟಿಯ ಪರ ಗಟ್ಟಿಯಾಗಿ ದನಿಯೆತ್ತಿದರು. ಜೊತೆಯಲ್ಲಿ ದುಡಿದವರ ಅನ್ನಕ್ಕೆ ಕಲ್ಲು ಹಾಕಿದ ಬರವಣಿಗೆ ಅದು. ನಾವು ಅದನ್ನು ಅಷ್ಟೇ ಸ್ಪಷ್ಟವಾಗಿ ಬರೆಯಬೇಕಿತ್ತು.

ಆದರೆ ಇದಕ್ಕೆಲ್ಲ ಕಾರಣ ಅವರು ನಟಿಯಾಗಿದ್ದದ್ದೇ ಎಂಬ ತಮ್ಮ ತೀರ್ಮಾನವನ್ನು ಒಪ್ಪಲಾರೆ. ಲೂಯೆಲ್ಲಾ ಪಾರ್ಸನ್ಸ್ ಮೊದಲಿನಿಂದಲೂ ಪತ್ರಕರ್ತೆ. ಅವರ ಅಂಕಣವೂ ಇದಕ್ಕಿಂತ ಮೃದುವಾಗಿರಲಿಲ್ಲ. 1949ರಲ್ಲಿ ನಟಿ ಇಂಗ್ರಿಡ್ ಬರ್ಗ್‌ಮನ್ ಗರ್ಭಿಣಿ ಎಂಬ ಗುಸುಗುಸು ಹಬ್ಬಿದಾಗ ಬರ್ಗ್‌ಮನ್ ಅವರ ನಿರಾಕರಣೆಯನ್ನು ಹಾಪರ್ ನಂಬಿದರು. ಅದೇ ಡಿಸೆಂಬರಿನಲ್ಲಿ ಲೂಯೆಲ್ಲಾ ಅದು ನಿಜವೆಂದು ಬರೆದುಬಿಟ್ಟರು. ಹಿಂದೆಬಿದ್ದ ಅವಮಾನಕ್ಕೆ ಹಾಪರ್ ಮಾಡಿದ್ದೇನೆಂದರೆ ಬರ್ಗ್‌ಮನ್ ವಿರುದ್ಧವೇ ಲೇಖನಿ ತಿರುಗಿಸಿದ್ದು. ಹೆಣ್ಣೊಬ್ಬಳ ಬಸಿರು ಎರಡು ಪತ್ರಿಕಾ ಸಮೂಹಗಳ ಪೈಪೋಟಿಯ ಸರಕಾಯಿತು. ಇಲ್ಲಿ ನಟನೆಯ ಸೋಂಕೇನೂ ಇಲ್ಲ. ಮೊದಲು ಹೇಳಬೇಕೆಂಬ ಹಪಾಹಪಿ, ಹೇಳಿದ್ದಕ್ಕೆ ಸಿಗುವ ಅಧಿಕಾರದ ರುಚಿ, ಇವೆರಡೇ ಕೆಲಸ ಮಾಡಿವೆ.

ನಟನೆ ಹಾಪರ್ ಅವರಿಗೆ ಕೊಟ್ಟದ್ದು ಬೇರೆ. ಅದನ್ನು ಅವರು ಬಳಸಲೇ ಇಲ್ಲ ಎಂಬುದು ನನ್ನ ಕೊರಗು. ನಮ್ಮ ಕಡೆಯ ಮಾತಿನಲ್ಲಿ ಹೇಳುವುದಾದರೆ ಅವರು ಚೌಕಿಯಲ್ಲಿ, ಅಂದರೆ ವೇಷ ಕಟ್ಟುವ ಕೋಣೆಯಲ್ಲಿ, ಕುಳಿತು ಬಂದವರು. ಯಕ್ಷಗಾನದ ಚೌಕಿಯನ್ನು ಒಳಗಿನಿಂದ ಬಲ್ಲವರಿಗೆ ಎರಡು ಬಗೆಯ ತಿಳಿವಳಿಕೆ ಸಿಗುತ್ತದೆ. ಮುಂಡಾಸು ಕಟ್ಟುವ ಬಗೆ, ವೇಷದ ಭಾರದಲ್ಲಿ ರಾತ್ರಿಯಿಡೀ ಕುಣಿಯುವ ಮೈಯ ದಣಿವು, ಭಾಗವತರು ಪದ್ಯ ಎತ್ತಿದ ಗತಿಗೆ ವೇಷಧಾರಿ ತನ್ನ ಹೆಜ್ಜೆಯನ್ನು ಹೊಂದಿಸಿಕೊಳ್ಳುವ ಕ್ರಮ, ಇದು ಒಂದು. ಯಾರು ಯಾರೊಡನೆ ಮಾತು ಬಿಟ್ಟಿದ್ದಾರೆ, ಯಾರ ಸಂಸಾರ ಹೇಗಿದೆ ಎಂಬುದು ಇನ್ನೊಂದು. ಮೊದಲನೆಯದನ್ನು ರಂಗಸ್ಥಳದ ಮುಂದೆ ಕುಳಿತವರಿಗೆ ಹೇಳಿದರೆ ಅವರು ಆಟವನ್ನು ಇನ್ನಷ್ಟು ಚೆನ್ನಾಗಿ ನೋಡುತ್ತಾರೆ. ಎರಡನೆಯದು ಚೌಕಿಯಲ್ಲೇ ಉಳಿಯಬೇಕು. ಹಾಪರ್ 120 ಚಿತ್ರಗಳ ಸೆಟ್ಟಿನಲ್ಲಿ ನಿಂತು ಬಂದವರು. ಮೂಕಿಚಿತ್ರದ ನಟರು ಮೈಕ್ ಬಂದಾಗ ಪಟ್ಟ ಪಾಡನ್ನು ಅನುಭವಿಸಿ ಬಲ್ಲವರು. ಅಂಥವರು ಎರಡನೆಯ ತಿಳಿವಳಿಕೆಯನ್ನೇ ದಿನಾ ಮಾರಿ, ಮೊದಲನೆಯದನ್ನು ಪೆಟ್ಟಿಗೆಯಲ್ಲಿಟ್ಟು ಬೀಗ ಹಾಕಿದರು. ಕೊನೆಗೆ ಅದೇ ಅವರನ್ನು ಕಚ್ಚಿತು. 1963ರಲ್ಲಿ ಪ್ರಕಟವಾದ ಆತ್ಮಕಥನದಲ್ಲಿ ನಟ ಮೈಕೆಲ್ ವೈಲ್ಡಿಂಗ್ ಅವರ ಖಾಸಗಿ ಬದುಕಿನ ಬಗ್ಗೆ ಆಡಿದ ಮಾತಿಗೆ ಮಾನನಷ್ಟ ಮೊಕದ್ದಮೆ ಬಿದ್ದು, 1 ಲಕ್ಷ ಡಾಲರ್‌ಗೆ ರಾಜಿಯಾಗಬೇಕಾಯಿತು. 1966ರ ಫೆಬ್ರುವರಿಯಲ್ಲಿ ಅವರು ತೀರಿಕೊಂಡರು.

ಅದೇ ಹಾಲಿವುಡ್ಡಿನಲ್ಲಿ ಇನ್ನೊಬ್ಬರಿದ್ದರು, ಆರ್ಮಿ ಆರ್ಚರ್ಡ್. ವೆರೈಟಿ ಎಂಬ ಚಿತ್ರೋದ್ಯಮ ಪತ್ರಿಕೆಗೆ 1953ರಿಂದ 2005ರವರೆಗೆ ಅಂಕಣ ಬರೆದವರು. ಹತ್ತಾರು ಚಿತ್ರಗಳಲ್ಲಿ, ಧಾರಾವಾಹಿಗಳಲ್ಲಿ ಪತ್ರಕರ್ತನಾಗಿ, ಹಲವು ಸಲ ತಾವಾಗಿಯೇ, ಒಂದೆರಡು ನಿಮಿಷ ಬಂದುಹೋದವರು. ಸುದ್ದಿ ಕಿವಿಗೆ ಬಿದ್ದರೆ ಸಂಬಂಧಪಟ್ಟವರಿಗೇ ಫೋನ್ ಮಾಡಿ ಕೇಳಿ ಬರೆಯುವವರೆಂದು ಹೆಸರಾಗಿದ್ದರು. 1985ರ ಜುಲೈನಲ್ಲಿ ನಟ ರಾಕ್ ಹಡ್ಸನ್ ಅವರಿಗೆ ಏಡ್ಸ್ ಇದೆ ಎಂದು ಬರೆದವರು ಅವರೇ. ಮೇಲೆ ನಾನು ಎಳೆದ ಗೆರೆಯ ಪ್ರಕಾರ ರೋಗಿಯ ಕಾಯಿಲೆ ಚೌಕಿಯೊಳಗಿನ ಮಾತು, ಅದನ್ನು ಬರೆಯಬಾರದಿತ್ತು. ಆದರೂ ಹೆಸರೆತ್ತಲು ಜಗತ್ತೇ ಹೆದರುತ್ತಿದ್ದ ರೋಗದ ಬಗ್ಗೆ ಸಾಮಾನ್ಯ ಜನ ಮಾತಾಡತೊಡಗಿದ್ದಕ್ಕೆ ಆ ಸುದ್ದಿ ದೊಡ್ಡ ಕಾರಣವಾಯಿತು. ಈ ಒಂದು ಪ್ರಸಂಗದಲ್ಲಿ ನನ್ನ ಗೆರೆ ಅಲುಗಾಡುತ್ತದೆ. ಅದನ್ನು ತಮ್ಮಿಂದ ಮುಚ್ಚಿಡಲು ಇಷ್ಟವಿಲ್ಲ.

ನಮ್ಮ ನೆಲದ ಉದಾಹರಣೆಯನ್ನು ತಾವೇ ಪತ್ರದ ಕೊನೆಯಲ್ಲಿ ಕೊಟ್ಟಿದ್ದೀರಿ. ಶಿವಮೊಗ್ಗ ಜಿಲ್ಲೆಯ ಕೊನಗವಳ್ಳಿಯ ಪಿ. ಲಂಕೇಶರು ಸಿನಿಮಾ ಅಂಕಣಕಾರರಲ್ಲ. ಆದರೆ ಬಣ್ಣ ಹಚ್ಚಿದ ಕೈಯಲ್ಲೇ ಲೇಖನಿ ಹಿಡಿಯಬಹುದೇ ಎಂಬ ಪ್ರಶ್ನೆಗೆ ಅವರಷ್ಟು ಹತ್ತಿರದ ಉತ್ತರ ನನಗೆ ಬೇರೆ ತೋಚುವುದಿಲ್ಲ. ಶೃಂಗೇರಿಯ ಬಳಿ ತುಂಗೆಯ ದಡದ ವೈಕುಂಠಪುರದಲ್ಲಿ ಚಿತ್ರೀಕರಣಗೊಂಡು 1970ರಲ್ಲಿ ತೆರೆಕಂಡ 'ಸಂಸ್ಕಾರ'ದಲ್ಲಿ ಅವರು ನಾರಣಪ್ಪನಾದರು. ಆಮೇಲೆ ತಾವೇ ನಿರ್ದೇಶಿಸಿದ ಮೊದಲ ಚಿತ್ರಕ್ಕೆ 1976ರ ಸಾಲಿನ ರಾಷ್ಟ್ರಪ್ರಶಸ್ತಿ ಪಡೆದರು. 1980ರಲ್ಲಿ ಪತ್ರಿಕೆ ಆರಂಭಿಸಿ, ಒಂದು ಕಾಲದಲ್ಲಿ ಜೊತೆಗೆ ಕೆಲಸ ಮಾಡಿದವರನ್ನೂ ಟೀಕೆಯಿಂದ ಹೊರಗಿಡದೆ ಬರೆದರು. ಅದು ಸಾಧ್ಯವಾದದ್ದು ಅವರ ಸ್ವಭಾವದಿಂದ ಮಾತ್ರವಲ್ಲ. ಆ ಪತ್ರಿಕೆ ಜಾಹೀರಾತು ತೆಗೆದುಕೊಳ್ಳುತ್ತಿರಲಿಲ್ಲ. ಪ್ರತಿ ವಾರ ಅಂಗಡಿಯಲ್ಲಿ ದುಡ್ಡು ಕೊಟ್ಟು ಕೊಳ್ಳುವ ಓದುಗರ ಮೇಲೆಯೇ ನಿಂತಿತ್ತು. ತಾವು ನೆನಪಿಸಿದ ಉಪ್ಪಿನ ಗಾದೆಯನ್ನು ನಾನು ಹೀಗೆ ಓದುತ್ತೇನೆ: ಪತ್ರಕರ್ತ ಉಣ್ಣುವ ಉಪ್ಪು ಓದುಗರದ್ದು, ಎರಡು ಬಗೆಯಬಾರದ ಮನೆಯೂ ಅದೇ.

ನಾನೂ ಒಮ್ಮೆ ಎರಡು ಬಗೆದವನು. ಸುಮಾರು ಮೂವತ್ತು ವರ್ಷಗಳ ಹಿಂದೆ ಸಾಗರದಲ್ಲಿ ತಾಲೂಕು ವರದಿಗಾರನಾಗಿದ್ದಾಗ ಶರಾವತಿ ಹಿನ್ನೀರಿನ ಬಳಿ ಚಿತ್ರತಂಡವೊಂದು ಬೀಡುಬಿಟ್ಟಿತ್ತು. ಒಂಬತ್ತು ದಿನ ಅವರ ಜೀಪಿನಲ್ಲೇ ಓಡಾಡಿದೆ, ಅವರ ಪ್ರೊಡಕ್ಷನ್ ಊಟವನ್ನೇ ಉಂಡೆ, ಸಂಜೆ ಅವರೊಂದಿಗೇ ಕುಳಿತು ಹರಟೆ ಹೊಡೆದೆ. ಆ ಒಂಬತ್ತು ದಿನಗಳಲ್ಲಿ ನಾನು ನಟಿಸಿದ್ದು ಒಂದು ಕ್ಷಣವೂ ಇಲ್ಲ. ಆದರೆ ಚಿತ್ರ ಬಿಡುಗಡೆಯಾದಾಗ ಮಧ್ಯಂತರದ ನಂತರ ಅದು ಎಳೆದಾಡುತ್ತದೆಂದು ಗೊತ್ತಿದ್ದೂ ಬರೆಯಲು ಕೈ ಬರಲಿಲ್ಲ. 'ಕುಟುಂಬ ಸಮೇತ ನೋಡಬಹುದಾದ ಚಿತ್ರ' ಎಂದು ಬರೆದೆ. ಅದನ್ನು ಓದಿ ಹೆಂಡತಿ, ಮಕ್ಕಳು, ಅತ್ತೆಯನ್ನು ಕರೆದುಕೊಂಡು ಹೋದ ಕಿರಾಣಿ ಅಂಗಡಿಯವರೊಬ್ಬರು ಮಾರನೆಯ ದಿನ ನನ್ನನ್ನು ನಿಲ್ಲಿಸಿ, 'ನೀವು ನೋಡಿದ್ದೂ ಇದೇ ಸಿನಿಮಾನಾ ಮಾರಾಯ್ರೆ?' ಎಂದು ಕೇಳಿದರು. ಅವರಿಗೆ ಕೋಪವೇನೂ ಇರಲಿಲ್ಲ, ನಿಜವಾಗಿಯೂ ತಿಳಿದುಕೊಳ್ಳಲೆಂದೇ ಕೇಳಿದ್ದರು. ನನ್ನಲ್ಲಿ ಉತ್ತರವಿರಲಿಲ್ಲ. ಬಣ್ಣ ಹಚ್ಚದೆಯೂ ಬಾಯಿ ಕಟ್ಟುತ್ತದೆ ಎಂದು ನಾನು ಹೇಳುವುದು ಆ ದಿನದ ಅನುಭವದಿಂದ. ಶುಕ್ರವಾರ ಬೆಳಿಗ್ಗೆ ಪೂರ್ಣಪುಟದ ಸಿನಿಮಾ ಜಾಹೀರಾತು ಹಾಕಿದ ಪತ್ರಿಕೆ ಶನಿವಾರ ಅದೇ ಚಿತ್ರದ ವಿಮರ್ಶೆ ಹಾಕುವಾಗ ಮೇಜಿನ ಮೇಲೆ ಕೂರುವ ಭಾರ, ಒಂದು ಸಣ್ಣ ಪಾತ್ರದ ಸಂಭಾವನೆಗಿಂತ ಬಹಳ ಹೆಚ್ಚಿನದು.

ಇನ್ನು ನಮ್ಮ ಅಂಕಣಗಾರ್ತಿಯ ಸಂಗತಿ. ಶೂಟಿಂಗ್‌ಗೆ ಹೋಗುವ ಮೊದಲು ಅವರು ನನ್ನ ಅನುಮತಿ ಕೇಳಿದ್ದರು, ನಾನು ಒಪ್ಪಿದ್ದೆ. ಅದನ್ನು ಆಗಲೇ ಓದುಗರಿಗೆ ತಿಳಿಸದೆ ಇದ್ದದ್ದು ನನ್ನ ತಪ್ಪು, ಅವರದಲ್ಲ. ತಾವು ರಸ್ತೆಯಲ್ಲಿ ನಿಂತು ಕಂಡುಕೊಳ್ಳಬೇಕಾಗಿ ಬಂದದ್ದನ್ನು ನಮ್ಮ ಪತ್ರಿಕೆಯೇ ತಮಗೆ ಹೇಳಬೇಕಿತ್ತು. ಅವರದು ಊರಿನ ಅಂಚೆ ಕಚೇರಿಯಲ್ಲಿ ಕೆಲಸ ಮಾಡುವ ಹೆಂಗಸಿನ ಪಾತ್ರ, ಮೂರು ದೃಶ್ಯ, ಆರು ದಿನದ ಕಾಲ್‌ಶೀಟ್. ಸಂಭಾವನೆ ಪಡೆದಿದ್ದಾರೆ, ಪಡೆಯುವುದೇ ಸರಿ, ಬಿಟ್ಟಿ ಕೆಲಸದ ಹಂಗು ಇನ್ನೂ ಕೆಟ್ಟದ್ದು. ಆ ಚಿತ್ರದ ವಿಮರ್ಶೆಯನ್ನು ಅವರು ಬರೆಯುವುದಿಲ್ಲ. ಅದೇ ನಿರ್ಮಾಪಕರ, ಅದೇ ನಿರ್ದೇಶಕರ ಮುಂದಿನ ಚಿತ್ರಗಳನ್ನೂ ಎರಡು ವರ್ಷ ಬೇರೆಯವರೇ ನೋಡಿ ಬರೆಯುತ್ತಾರೆ. ಅವರು ನಟಿಸಿದ್ದಾರೆಂಬ ಸಾಲು ಅಂಕಣದ ಕೆಳಗೆ ಪ್ರತಿ ಸಂಚಿಕೆಯಲ್ಲೂ ಇರುತ್ತದೆ. ಸೆಟ್ಟಿನಲ್ಲಿ ಕೇಳಿಸಿಕೊಂಡ ಯಾರ ಖಾಸಗಿ ಮಾತೂ ಅಂಕಣಕ್ಕೆ ಬರುವುದಿಲ್ಲ ಎಂದು ಅವರೇ ಬರೆದುಕೊಟ್ಟಿದ್ದಾರೆ. ನಟನೆ ಬಿಡಿ ಅಥವಾ ಅಂಕಣ ಬಿಡಿ ಎಂದು ಅವರಿಗೆ ನಾನು ಹೇಳುವುದಿಲ್ಲ.

ಏಕೆ ಹೇಳುವುದಿಲ್ಲ ಎಂಬುದಕ್ಕೆ ಅವರು ಆಗುಂಬೆಯಿಂದ ಬಂದ ಮೇಲೆ ನನಗೆ ಓದಲು ಕೊಟ್ಟ ಟಿಪ್ಪಣಿಗಳೇ ಕಾರಣ. ಬೆಳಿಗ್ಗೆ ಆರಕ್ಕೆ ಮೇಕಪ್ ಮುಗಿಸಿ ಕುಳಿತರೆ ಮೊದಲ ಶಾಟ್ ಮಧ್ಯಾಹ್ನ ಒಂದಕ್ಕೆ. ಮಳೆ ನಿಲ್ಲಲಿ ಎಂದು ಕಾಯುವುದಲ್ಲ, ಮಳೆ ಹಿಂದಿನ ದಿನದಷ್ಟೇ ಜೋರಾಗಲಿ ಎಂದು ಕಾಯುವುದು. ಬೇರೆ ಬೇರೆ ದಿನ ತೆಗೆದ ದೃಶ್ಯಗಳು ಒಂದಕ್ಕೊಂದು ಹೊಂದಬೇಕೆಂಬ ಕಂಟಿನ್ಯುಟಿಗಾಗಿ ಒಂದೇ ಸೀರೆಯನ್ನು ಮೂರು ದಿನವೂ ಅದೇ ಮಟ್ಟಕ್ಕೆ ನೆನೆಸಿ ಉಡಬೇಕು. ಹೆಂಚಿನ ಮೇಲೆ ಬೀಳುವ ಮಳೆಯ ಸದ್ದಿನಲ್ಲಿ ಸಂಭಾಷಣೆ ದಾಖಲಾಗುವುದಿಲ್ಲ; ಮುಂದೆ ಬೆಂಗಳೂರಿನ ಡಬ್ಬಿಂಗ್ ಕೋಣೆಯಲ್ಲಿ, ಒಣ ಬಟ್ಟೆಯಲ್ಲಿ ನಿಂತು, ಆ ಚಳಿಯನ್ನು ದನಿಗೆ ಮತ್ತೆ ತಂದುಕೊಳ್ಳಬೇಕು. ಕ್ಯಾಮೆರಾಕ್ಕೆ ಪ್ಲಾಸ್ಟಿಕ್ ಹೊದಿಸಿ ಹಿಡಿದುಕೊಳ್ಳುವ ಹುಡುಗರ ಕಾಲಿಗೆ ಉಂಬಳ ಹತ್ತಿದರೂ ಶಾಟ್ ಮುಗಿಯುವ ತನಕ ಅವರು ಅಲ್ಲಾಡುವಂತಿಲ್ಲ. ತೆರೆಯ ಮೇಲೆ ನಲವತ್ತು ಸೆಕೆಂಡು ಕಾಣುವ ದೃಶ್ಯದ ಹಿಂದಿನ ಕಥೆ ಇದು. 11 ವರ್ಷಗಳಲ್ಲಿ ಮಲೆನಾಡಿನಲ್ಲಿ ಚಿತ್ರೀಕರಣಗೊಂಡ ಎಷ್ಟೋ ಚಿತ್ರಗಳ ಬಗ್ಗೆ ಅವರು ನಮ್ಮಲ್ಲಿ ಬರೆದಿದ್ದಾರೆ; 'ಮಳೆಯ ಹಿನ್ನೆಲೆ ಮನಮೋಹಕ' ಎಂಬ ಒಂದು ಸಾಲಿನಾಚೆ ಮಳೆಯ ವಿಷಯ ಹೋದದ್ದಿಲ್ಲ. ಇನ್ನು ಮುಂದೆ ಆ ಸಾಲನ್ನು ಬರೆಯಲು ತಮಗೆ ಕೈ ಬಾರದು ಎಂದು ಅವರೇ ಹೇಳಿದರು. ಹೆಗ್ಗೋಡಿನ ನೀನಾಸಂ ಶಿಬಿರಗಳಲ್ಲಿ ಕುಳಿತು ಸಿನಿಮಾ ನೋಡುವುದನ್ನು ಕಲಿತ ತಮ್ಮಂಥ ಓದುಗರು ನಮ್ಮ ಪತ್ರಿಕೆಗೆ ಇದ್ದಾರೆ. ಅವರ ಮುಂದೆ ಇಡಲು ಅಂಕಣಗಾರ್ತಿಯ ಬಳಿ ಈಗ ಮೊದಲಿಗಿಂತ ಹೆಚ್ಚಿನ ಸರಕಿದೆ.

ಆ ಬರಹಗಳಲ್ಲಿ ಎಲ್ಲಾದರೂ ಕೈ ಮೃದುವಾದದ್ದು ಕಂಡರೆ ತಾವು ಮತ್ತೆ ಬರೆಯಬೇಕು. ಹಾಪರ್ ಅವರಿಗೆ ಬಂದ ಓದುಗರ ಪತ್ರಗಳ ರಾಶಿಯನ್ನು ಬೆವರ್ಲಿ ಹಿಲ್ಸ್‌ನ ಮಾರ್ಗರೆಟ್ ಹೆರಿಕ್ ಗ್ರಂಥಾಲಯದಲ್ಲಿ ಅವರ ಕಾಗದಪತ್ರಗಳೊಡನೆ ಕಾಪಾಡಿಡಲಾಗಿದೆ. ಅಂಕಣವನ್ನು ಹೊಗಳಿದವರಂತೆ ಜಗಳ ತೆಗೆದವರೂ ಅಲ್ಲಿದ್ದಾರೆ. ತಮ್ಮ ಪತ್ರವನ್ನೂ ನಮ್ಮ ಕಚೇರಿಯ ಕಡತದಲ್ಲಿ ಇರಿಸಿದ್ದೇನೆ. ಅದರ ಪ್ರತಿಯೊಂದನ್ನು ಅಂಕಣಗಾರ್ತಿಗೆ ಕಳುಹಿಸಿದ್ದೇನೆ.

ಕೊನೆಯದಾಗಿ ಒಂದು ಕೋರಿಕೆ. ಹೈಸ್ಕೂಲು ವಿದ್ಯಾರ್ಥಿಯಾಗಿದ್ದಾಗ ವೈಕುಂಠಪುರದ ಆ ಚಿತ್ರೀಕರಣವನ್ನು ಹೊಳೆಯ ಆಚೆ ದಡದಿಂದ ಎರಡು ದಿನ ನೋಡಿದ್ದಾಗಿ ಪತ್ರದಲ್ಲಿ ಒಂದೇ ಸಾಲು ಬರೆದು ಬಿಟ್ಟಿದ್ದೀರಿ. ತಾವು ಅಲ್ಲಿ ಏನು ಕಂಡಿರಿ, ಊರಿನವರು ಏನು ಮಾತಾಡಿಕೊಂಡರು, ತೆರೆಯ ಮೇಲೆ ಅದನ್ನು ಮತ್ತೆ ನೋಡಿದಾಗ ತಮಗೆ ಗುರುತು ಸಿಕ್ಕಿದ್ದೇನು ಎಂಬುದನ್ನು ವಿವರವಾಗಿ ಬರೆದು ಕಳುಹಿಸಬೇಕೆಂದು ಕೇಳಿಕೊಳ್ಳುತ್ತೇನೆ. ಈ ತಿಂಗಳ 20ರೊಳಗೆ ತಲುಪಿದರೆ ಮುಂದಿನ ಸಂಚಿಕೆಯಲ್ಲೇ, ಅಂಕಣದ ಎದುರು ಪುಟದಲ್ಲಿ ಪ್ರಕಟಿಸುತ್ತೇವೆ.

ತಮ್ಮ ವಿಶ್ವಾಸಿ,
ಸಂಪಾದಕ